ಆಕಾಶ ಹೊತ್ತವನ ಸಿಂಬೆ

ಶಾಲೆಯ ಚೀಲದಲ್ಲಿ ಅಟ್ಲಾಸ್ ಇದ್ದರೆ ದೂರದಿಂದಲೇ ಗೊತ್ತಾಗುತ್ತದೆ. ಉಳಿದ ಪುಸ್ತಕಗಳಿಗಿಂತ ಅಗಲವಾದ ಅದು ಚೀಲದ ಬಾಯಿಂದ ಮೂಲೆಯೊಂದನ್ನು ಹೊರಗೆ ಚಾಚಿಕೊಂಡೇ ಇರುತ್ತದೆ. ಹೆಸರು ಮಾತ್ರ ಗ್ರೀಕ್ ಪುರಾಣದ್ದು.

ಅಟ್ಲಾಸ್ ಟೈಟನ್ನರೆಂಬ ದೈತ್ಯರ ಕುಲದವನು. ಅವನ ಕಡೆಯವರು ದೇವತೆಗಳ ರಾಜ ಜ್ಯೂಸ್‌ನೊಡನೆ ಯುದ್ಧ ಮಾಡಿ ಸೋತರು. ಅವನಿಗಾದ ಶಿಕ್ಷೆ, ಪಡುವಣ ದಿಕ್ಕಿನ ಕೊನೆಯಲ್ಲಿ ನಿಂತು ಆಕಾಶ ಹೊರುವುದು. ಭೂಮಿಯನ್ನಲ್ಲ, ಆಕಾಶವನ್ನು. ಅವನ ಹೆಗಲಿಗೆ ಭೂಗೋಳ ಏರಿಸಿದ್ದು ಆಮೇಲಿನವರು. ನಮ್ಮ ಆದಿಶೇಷನ ಕೆಲಸವೂ ಪಾಪ ಅವನ ಪಾಲಿಗೇ ಬಂತು. ನೇಪಲ್ಸ್ ನಗರದ ವಸ್ತುಸಂಗ್ರಹಾಲಯದಲ್ಲಿರುವ ಹಳೆಯ ಅಮೃತಶಿಲೆಯ ಅಟ್ಲಾಸ್ ಹೊತ್ತ ಗೋಳದ ಮೇಲೆ ನಕ್ಷತ್ರಪುಂಜಗಳಿವೆ, ದೇಶಗಳಿಲ್ಲ.

ಒಮ್ಮೆ ಅವನಿಗೆ ಬಿಡುಗಡೆ ಸಿಕ್ಕಿಯೇಬಿಟ್ಟಿತ್ತು. ಚಿನ್ನದ ಸೇಬು ಹುಡುಕಿ ಬಂದ ಗ್ರೀಕ್ ವೀರ ಹೆರಾಕ್ಲಿಸ್, "ನೀನು ತಂದುಕೊಡು, ಅಲ್ಲಿಯವರೆಗೆ ನಾನು ಹೊರುತ್ತೇನೆ" ಎಂದ. ಅಟ್ಲಾಸ್ ಸೇಬು ತಂದ. ಹೊರೆ ವಾಪಸು ತೆಗೆದುಕೊಳ್ಳಲು ಮಾತ್ರ ಮನಸ್ಸಾಗಲಿಲ್ಲ. ಹೆರಾಕ್ಲಿಸ್ ಸಿಟ್ಟಾಗಲಿಲ್ಲ. "ಆಗಲಿ, ತಲೆಗೊಂದು ಸಿಂಬೆ ಇಟ್ಟುಕೊಳ್ಳುತ್ತೇನೆ, ಒಂದು ಗಳಿಗೆ ಹಿಡಿದಿರು" ಎಂದ. ಅಟ್ಲಾಸ್ ಹಿಡಿದ. ಹೆರಾಕ್ಲಿಸ್ ಸೇಬು ಎತ್ತಿಕೊಂಡು ನಡೆದ. ಅಟ್ಲಾಸನನ್ನು ದಡ್ಡ ಎನ್ನಲು ನನಗೆ ಬಾಯಿ ಬಾರದು. ಸಿಂಬೆಯಿಲ್ಲದೆ ಹೊರುವ ಕಷ್ಟ ಅವನಿಗೆ ಗೊತ್ತಿತ್ತು, ಅದಕ್ಕೇ ನಂಬಿದ.

ನಕ್ಷೆಗಳ ಸಂಪುಟಕ್ಕೆ ಈ ಹೆಸರಿಟ್ಟವನು ನಕ್ಷೆಗಾರ ಮರ್ಕೇಟರ್. ಅವನು ತೀರಿಕೊಂಡ ಮರುವರ್ಷ, 1595ರಲ್ಲಿ, ಪುಸ್ತಕ ಹೊರಬಂತು. ಆದರೆ ಅವನ ಮನಸ್ಸಿನಲ್ಲಿದ್ದವನು ಈ ಹೊರೆಯಾಳಲ್ಲ. ಖಗೋಳ ಬಲ್ಲವನೆಂದು ಹೆಸರಾದ, ಮಾರಿಟೇನಿಯದ ಅಟ್ಲಾಸ್ ಎಂಬ ರಾಜ. ಹೊರೆ ಒಬ್ಬನದು, ಗೌರವ ಇನ್ನೊಬ್ಬನಿಗೆ!

ಆಮೇಲೆ ಹೆಸರು ಎಲ್ಲೆಲ್ಲೋ ಹೋಯಿತು. ಅಮೆರಿಕದ ರಾಕೆಟ್ಟಿಗೂ ಅದೇ, ಜಿನೀವಾ ಬಳಿಯ ನೆಲದಾಳದಲ್ಲಿರುವ 7,000 ಟನ್ ತೂಕದ ಕಣಪತ್ತೆ ಯಂತ್ರಕ್ಕೂ ಅದೇ. ಹಾಲಿನ ಕ್ಯಾನು ತೂಗುಹಾಕಿಕೊಂಡು ನಮ್ಮೂರ ರಸ್ತೆಗಳಲ್ಲಿ ಓಡಾಡಿದ ಸೈಕಲ್ಲಿಗೂ ಅದೇ.

ಇನ್ನೊಂದು ಅಟ್ಲಾಸ್ ನಿಮ್ಮಲ್ಲೇ ಇದೆ. ಕುತ್ತಿಗೆಯ ಏಳು ಮಣಿಮೂಳೆಗಳಲ್ಲಿ ಎಲ್ಲಕ್ಕಿಂತ ಮೇಲಿನದಕ್ಕೆ ವೈದ್ಯರು ಹೇಳುವ ಹೆಸರು ಅಟ್ಲಾಸ್. ತಲೆಬುರುಡೆ ಕೂತಿರುವುದು ಅದರ ಮೇಲೆ. ನೀವು 'ಹೌದು' ಎಂದು ತಲೆಯಾಡಿಸಿದಾಗ ಬುರುಡೆ ಹಿಂದೆಮುಂದೆ ಜಾರುವುದೂ ಅದರ ಮೇಲೆಯೇ. ಬೇರೆ ಮಣಿಗಳಿಗಿರುವ ದಪ್ಪ ದಿಂಡು ಅದಕ್ಕಿಲ್ಲ. ನಡುವೆ ತೂತಿರುವ ಬರೀ ಉಂಗುರ ಅದು, ನೋಡಲು ಥೇಟ್ ಸಿಂಬೆ.