ಆಟ ಆಡಿದಾಕಿ, ಆಟ ಹೇಳಿದಾಕಿ



ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಕಡೆಯ ಕಲಿಕಾ ಕೇಂದ್ರಗಳಿಗೆ ನಾವು ಹೋಗುತ್ತಿರುತ್ತೇವೆ. ಕುಷ್ಟಗಿ ತಾಲೂಕಿನ ಒಂದು ಕೇಂದ್ರದಲ್ಲಿ ಒಬ್ಬ ಅಕ್ಕ ನಮ್ಮನ್ನು ಕೇಳಿದರು: "ಟೀಚರ್, ಮೊನ್ನೆ ಟಿವಿಯಾಗ ಕ್ರಿಕೆಟ್ ನಡದಿತ್ತು. ಕನ್ನಡದಾಗ ಒಬ್ಬ ಹೆಣಮಗಳು ಮಾತಾಡಾಕತ್ತಿದ್ಲು. ಗಂಡಸರ ಆಟ ಆಕಿಗೆ ಹೆಂಗ ಗೊತ್ತು?"

ಎಲ್ಲರೂ ನಕ್ಕರು. ನಾವೂ ನಕ್ಕೆವು. ಆದರೆ ಆ ಅಕ್ಕನ ಮನೆಯ ಸಂಗತಿ ನಮಗೆ ಗೊತ್ತಿತ್ತು. ಅವರ ಮಗಳು ಒಂಬತ್ತನೇ ತರಗತಿ. ಖೊಖೊ ಆಟದಲ್ಲಿ ಬಲು ಚುರುಕು. ಕುಷ್ಟಗಿಗೆ ಆಡಲು ಕಳಿಸುವುದೋ ಬೇಡವೋ ಎಂದು ಮನೆಯಲ್ಲಿ ತಕರಾರು ನಡೆದಿತ್ತು. ಆ ದಿನ ನಾವು ಹೇಳಿದ್ದನ್ನೇ ಇವತ್ತು ನಿಮಗೂ ಹೇಳುತ್ತೇವೆ.

ಆಟ ನಡೆಯುವಾಗ ಅದನ್ನು ನೋಡುತ್ತಾ ಹೇಳುವುದಕ್ಕೆ ವೀಕ್ಷಕ ವಿವರಣೆ ಎನ್ನುತ್ತಾರೆ. ಕಾಮೆಂಟರಿ ಅಂದರೂ ಅದೇ. ರೇಡಿಯೋದಲ್ಲಿ ಎಲ್ಲವನ್ನೂ ಹೇಳಬೇಕು. ಚೆಂಡು ಎತ್ತ ಹೋಯಿತು, ಯಾರು ಹಿಡಿದರು, ಎಷ್ಟು ರನ್ ಬಂತು. ಕೇಳುವವರಿಗೆ ಕಿವಿಯೇ ಕಣ್ಣು. ಟಿವಿಯಲ್ಲಿ ಹಾಗಲ್ಲ. ಚೆಂಡು ಹೋಗಿದ್ದು ನಮಗೇ ಕಾಣುತ್ತದೆ. ಅದು ಯಾಕೆ ಹಾಗೆ ಹೋಯಿತು ಎಂದು ಹೇಳಬೇಕು. ಇದು ಆಡಿದವರಿಗೆ ಚೆನ್ನಾಗಿ ಗೊತ್ತು. ರೊಟ್ಟಿ ಯಾಕೆ ಹರಿಯಿತು ಎಂದು ಬಡಿದವರಿಗೇ ಗೊತ್ತಲ್ಲವೇ? ಭಾರತ ತಂಡದಲ್ಲಿ ಆಡಿದ ವಿಜಯ್ ಭಾರದ್ವಾಜ್, ವೆಂಕಟೇಶ್ ಪ್ರಸಾದ್ ಕನ್ನಡದಲ್ಲಿ ವಿವರಣೆ ಹೇಳಿದ್ದಾರೆ. 'ಇವರಿಗೆ ಹೆಂಗ ಗೊತ್ತು' ಅಂತ ಅವರನ್ನು ಯಾರೂ ಕೇಳಲಿಲ್ಲ!

ಹೀಗೆ ವಿವರಣೆ ಹೇಳುವ ಹೆಣ್ಣುಮಕ್ಕಳಲ್ಲಿ ವೇದಾ ಕೃಷ್ಣಮೂರ್ತಿ ಒಬ್ಬರು. ಚಿಕ್ಕಮಗಳೂರು ಜಿಲ್ಲೆಯ ಕಡೂರಿನವರು. ಹುಟ್ಟಿದ್ದು 1992ರಲ್ಲಿ. ಅಪ್ಪ ಊರಲ್ಲಿ ಕೇಬಲ್ ಟಿವಿ ನಡೆಸುತ್ತಿದ್ದರು. ನೋಡಿ, ಅಪ್ಪ ಮನೆಮನೆಗೆ ಟಿವಿ ತೋರಿಸಿದರು. ಮುಂದೆ ಮಗಳು ಅದೇ ಟಿವಿಯಲ್ಲಿ ಬಂದಳು.

ನಾಲ್ಕು ಮಕ್ಕಳಲ್ಲಿ ವೇದಾ ಕಿರಿಯಳು. ಚಿಕ್ಕಂದಿನಲ್ಲೇ ಕರಾಟೆ ಕಲಿತಳು. ಆದರೆ ಮನಸ್ಸೆಲ್ಲ ಕ್ರಿಕೆಟ್ ಮೇಲೆ. ಓಣಿಯಲ್ಲಿ ಆಡಿದಳು. 2005ರಲ್ಲಿ ಬೆಂಗಳೂರಿನ ಕ್ರಿಕೆಟ್ ತರಬೇತಿ ಸಂಸ್ಥೆ ಸೇರಿದಳು. ಆಗ ಆಕೆಗೆ ಹದಿಮೂರರ ಆಸುಪಾಸು. ಕಡೂರಿನಿಂದ ಬೆಂಗಳೂರು ಸುಮಾರು 200 ಕಿಲೋಮೀಟರ್.

ಇಷ್ಟು ಹೇಳಿದಾಗ ಆ ಅಕ್ಕ, "ಅಷ್ಟು ದೂರ ಕಳಿಸಿದ್ರಾ?" ಅಂದರು. ಹೌದು, ಕಳಿಸಿದರು.

2011ರಲ್ಲಿ ವೇದಾ ಭಾರತ ತಂಡಕ್ಕೆ ಬಂದರು. ಇಂಗ್ಲೆಂಡ್ ದೇಶದಲ್ಲಿ ಮೊದಲ ಒಂದು ದಿನದ ಪಂದ್ಯ. ಅದರಲ್ಲೇ 51 ರನ್ ಹೊಡೆದರು. 2017ರ ವಿಶ್ವಕಪ್ ಕೊನೆಯ ಪಂದ್ಯದಲ್ಲಿ ಭಾರತ ಬರೀ 9 ರನ್‌ನಿಂದ ಸೋತಿತು. ಆ ಪಂದ್ಯದಲ್ಲಿ ವೇದಾ 35 ರನ್ ಮಾಡಿದ್ದರು. ಆ ಸೋಲು ನೋಡಿ ನಾವೂ ಮರುಗಿದೆವು. 2020ರ ಮಾರ್ಚ್ 8, ಮಹಿಳಾ ದಿನ. ಆಸ್ಟ್ರೇಲಿಯಾದ ಮೆಲ್ಬರ್ನ್‌ನಲ್ಲಿ ಇನ್ನೊಂದು ವಿಶ್ವಕಪ್‌ನ ಕೊನೆಯ ಪಂದ್ಯ. ಹೆಣ್ಣುಮಕ್ಕಳ ಆಟ ನೋಡಲು 86,174 ಜನ ಸೇರಿದ್ದರು. ಅಲ್ಲಿಯೂ ಭಾರತ ಸೋತಿತು. ಭಾರತದ ಪರವಾಗಿ ವೇದಾ ಆಡಿದ ಕೊನೆಯ ಪಂದ್ಯ ಅದೇ.

ಮರುವರ್ಷ ಕೊರೊನಾ ಬಂದು ತಾಯಿಯನ್ನು ಒಯ್ದಿತು. ಎರಡು ವಾರದೊಳಗೆ ಅಕ್ಕನೂ ಹೋದರು. ಆ ವರ್ಷ ನಮ್ಮ ಊರುಗಳಲ್ಲೂ ಎಷ್ಟೋ ಮನೆಗಳ ದೀಪ ಆರಿತು. ಆ ದುಃಖ ನಿಮಗೆ ನಾವು ಬಿಡಿಸಿ ಹೇಳಬೇಕಿಲ್ಲ.

ಆಮೇಲೆ ವೇದಾ ಮೈಕಿನ ಮುಂದೆ ಕುಳಿತರು. ಐಪಿಎಲ್ ಪಂದ್ಯಗಳಿಗೆ ಕನ್ನಡದಲ್ಲಿ ವಿವರಣೆ ಹೇಳಿದರು. ಆಡುವುದನ್ನೂ ಒಮ್ಮೆಲೇ ಬಿಡಲಿಲ್ಲ. 2024ರಲ್ಲಿ ಹೆಣ್ಣುಮಕ್ಕಳ ಲೀಗ್‌ನಲ್ಲಿ ಗುಜರಾತ್ ತಂಡಕ್ಕೆ ಆಡಿದರು. 2025ರ ಜುಲೈನಲ್ಲಿ ಆಟಕ್ಕೆ ವಿದಾಯ ಹೇಳಿದರು. ದೇಶಕ್ಕಾಗಿ ಆಡಿದ ಪಂದ್ಯಗಳು 124.

"ಹಂಗಾದ್ರ ಆಕಿಗೆ ಗೊತ್ತಿರಲೇಬೇಕು ಬಿಡ್ರಿ," ಅಂದರು ಆ ಅಕ್ಕ.

ಅಷ್ಟರಲ್ಲಿ ಹೊರಗೆ ಹುಡುಗಿಯರ ಖೊಖೊ ಶುರುವಾಯಿತು. "ನೀವೇ ವಿವರಣೆ ಹೇಳ್ರಿ" ಎಂದೆವು. ಮೊದಲು ನಾಚಿದರು. ಆಮೇಲೆ ಬಾಗಿಲಲ್ಲಿ ನಿಂತು ಶುರು ಮಾಡಿದರು: "ನನ್ನ ಮಗಳು ಎದ್ಲು. ಕಂಬ ಸುತ್ತಿದ್ಲು. ಅಯ್ಯ, ಆಕಿ ತಪ್ಪಿಸ್ಕೊಂಡ್ಲು! ಇಲ್ಲ, ಇಲ್ಲ, ಮುಟ್ಟಿದ್ಲು, ಮುಟ್ಟಿದ್ಲು!" ದನಿ ಓಣಿಯ ತುದಿಗೆ ಕೇಳಿತು.

ಆಟ ಮುಗಿದ ಮೇಲೆ ನಮ್ಮ ಹತ್ತಿರ ಬಂದು ಮೆಲ್ಲಗೆ ಕೇಳಿದರು: "ಕುಷ್ಟಗಿಗೆ ಕಳಿಸಾಕ ಸಾಲ್ಯಾಗ ಸಹಿ ಕೇಳ್ಯಾರ. ನಾನ ಹಾಕಿದ್ರ ನಡೀತೈತೇನ್ರಿ?"

"ನಡೀತೈತಿ. ಅತ್ತೆಗೆ ಏನ್ ಹೇಳ್ತೀರಿ?" ಎಂದೆವು.

"ಅದನ್ನ ಆಮ್ಯಾಲೆ ನೋಡೂಣು" ಎಂದು ಪೆನ್ನು ಕೇಳಿದರು.