ರೋಲ್ಯಾಂಡ್ ಗ್ಯಾರೋಸ್ ಟೆನಿಸ್ ಚಾಂಪಿಯನ್ ಅಲ್ಲ, ಪೈಲಟ್

2017ರಲ್ಲಿ ನಮ್ಮ ಕೊಡಗಿನ ರೋಹನ್ ಬೋಪಣ್ಣ ಫ್ರೆಂಚ್ ಓಪನ್ ಮಿಶ್ರ ಡಬಲ್ಸ್ ಗೆದ್ದಿದ್ದು ನೆನಪಿದೆ ಅಲ್ವಾ? ಆ ಟೂರ್ನಿ ನಡೆಯೋ ಜಾಗದ ಹೆಸರು ರೋಲ್ಯಾಂಡ್ ಗ್ಯಾರೋಸ್. ಯಾರೋ ಹಳೇ ಕಾಲದ ದೊಡ್ಡ ಟೆನಿಸ್ ಆಟಗಾರ ಇರಬೇಕು ಅಂತ ತುಂಬಾ ಜನ ಅಂದ್ಕೊಂಡಿದ್ದಾರೆ. ಅಲ್ಲ. ಗ್ಯಾರೋಸ್ ಮೊದಲ ಮಹಾಯುದ್ಧದ ಯುದ್ಧವಿಮಾನದ ಪೈಲಟ್. ಇವತ್ತಿನ ಎಪಿಸೋಡ್ ಆತನದ್ದೇ.

ಹುಟ್ಟಿದ್ದು 1888ರ ಅಕ್ಟೋಬರ್ 6ರಂದು, ಹಿಂದೂ ಮಹಾಸಾಗರದ ರಿಯೂನಿಯನ್ ದ್ವೀಪದಲ್ಲಿ. ಓದಿದ್ದು ಪ್ಯಾರಿಸ್‌ನ ಹೆಸರಾಂತ ವಾಣಿಜ್ಯ ಕಾಲೇಜಿನಲ್ಲಿ. ಹೌದು, ನನ್ನ ಹಾಗೇ ಕಾಮರ್ಸ್ ಗಿರಾಕಿ! ಓದು ಮುಗಿಸಿ ಕಾರು ಮಾರೋ ವ್ಯವಹಾರಕ್ಕಿಳಿದ. 1909ರಲ್ಲಿ ರೀಮ್ಸ್ ಊರಿನಲ್ಲಿ ವಿಮಾನ ಪ್ರದರ್ಶನ ನೋಡಿದ್ದೇ ನೋಡಿದ್ದು, ಕಾರಿನ ಮೇಲಿನ ಮನಸ್ಸು ಹಾರಿಹೋಯ್ತು. 1913ರ ಸೆಪ್ಟೆಂಬರ್ 23ರಂದು ಫ್ರಾನ್ಸಿನ ದಕ್ಷಿಣ ಕರಾವಳಿಯಿಂದ ಹೊರಟು, ಸುಮಾರು ಎಂಟು ಗಂಟೆ ಹಾರಿ, ಮೆಡಿಟರೇನಿಯನ್ ಸಮುದ್ರ ದಾಟಿ ಟ್ಯುನೀಷಿಯಾದಲ್ಲಿ ಇಳಿದ. ಎಲ್ಲೂ ನಿಲ್ಲದೆ ಆ ಸಮುದ್ರ ದಾಟಿದ ಮೊದಲಿಗ ಆತ. ಒಂದೇ ಎಂಜಿನ್, ಕೆಳಗೆ ಬರೀ ನೀರು. ಮಧ್ಯೆ ಎಂಜಿನ್ ಕೈಕೊಟ್ಟಿದ್ದರೆ ಕತೆ ಅಲ್ಲೇ ಮುಗೀತಿತ್ತು.

ಮರುವರ್ಷ ಯುದ್ಧ ಶುರುವಾಯ್ತು. ಆತ ಸೇನೆ ಸೇರಿದ, ಎಂಎಸ್ 23 ಅನ್ನೋ ತುಕಡಿಗೆ ಹೋದ. ಮೊದಲ ವಾರವೇ ಜರ್ಮನಿಯ ದೊಡ್ಡ ವಾಯುನೌಕೆಗೆ ತನ್ನ ವಿಮಾನ ಗುದ್ದಿಸಿ ಕೆಡವಿದ ಅಂತ ಒಂದು ಸುದ್ದಿ ಹಬ್ಬಿತ್ತು. ಅದು ಸುಳ್ಳು. ಆ ಕಾಲದ ಫಾರ್ವರ್ಡ್ ಮೆಸೇಜ್ ಅಂದ್ಕೊಳ್ಳಿ.

ಈಗ ಅಸಲಿ ವಿಷಯಕ್ಕೆ ಬರೋಣ. ಆಗಿನ ಪೈಲಟ್‌ಗಳು ಪಿಸ್ತೂಲು, ರೈಫಲ್ ಹಿಡಿದು ಒಬ್ಬರಿಗೊಬ್ಬರು ಗುಂಡು ಹಾರಿಸ್ತಿದ್ದರು. ತಗಲೋದು ಅಪರೂಪ. ಮೆಷಿನ್ ಗನ್ನನ್ನು ಮೂತಿಯ ಮೇಲೇ ಕೂರಿಸಿ, ವಿಮಾನವನ್ನೇ ಶತ್ರುವಿನ ಕಡೆ ತಿರುಗಿಸಿ ಹೊಡೆದರೆ ಗುರಿ ಸುಲಭ. ಆದರೆ ಎದುರಿಗೆ ತಿರುಗ್ತಾ ಇರೋದು ನಮ್ಮದೇ ಪ್ರೊಪೆಲರ್! ನಮ್ಮ ಗುಂಡು ನಮ್ಮದೇ ರೆಕ್ಕೆಯನ್ನು ಮುರಿದು ಹಾಕುತ್ತೆ. ರೆಕ್ಕೆ ಅಡ್ಡ ಬಂದಾಗ ಗನ್ ತಾನಾಗೇ ನಿಲ್ಲೋ ವ್ಯವಸ್ಥೆಯನ್ನು ವಿಮಾನ ತಯಾರಕ ರೇಮಂಡ್ ಸೋಲ್ನಿಯೇ ಪ್ರಯತ್ನಿಸಿ ನೋಡಿದ್ದ. ಆದರೆ ಆಗಿನ ಕೆಲವು ಗುಂಡುಗಳು ಸಿಡಿಯೋಕೆ ಒಂದು ಕ್ಷಣ ತಡ ಮಾಡ್ತಿದ್ದವು. ಲೆಕ್ಕ ತಪ್ತಿತ್ತು.

ಹಾಗಾಗಿ ಹಿಡಿದದ್ದು ಒರಟು ದಾರಿ. ರೆಕ್ಕೆಗಳಿಗೆ ಗುಂಡು ತಗಲೋ ಜಾಗದಲ್ಲಿ ಉಕ್ಕಿನ ಓರೆ ತುಂಡು ಕಟ್ಟಿಬಿಡೋದು. ಹೆಚ್ಚಿನ ಗುಂಡು ಸಂದಿಯಲ್ಲಿ ತೂರಿ ಹೋಗುತ್ತೆ, ತಗಲಿದ್ದು ಪಕ್ಕಕ್ಕೆ ಚಿಮ್ಮುತ್ತೆ. ಗ್ಯಾರೋಸ್ ಮತ್ತು ಆತನ ಮೆಕ್ಯಾನಿಕ್ ಜೂಲ್ ಯೂ ಇದನ್ನು ತಿದ್ದಿ ತೀಡಿ ಕೆಲಸಕ್ಕೆ ಬರೋ ಹಾಗೆ ಮಾಡಿದರು. ನನಗೆ ಕೇಳಿದರೆ ಇದು ಶುದ್ಧ ಜುಗಾಡ್. ಆದರೆ 1915ರ ಏಪ್ರಿಲ್ 1ರಂದು ಆತ ಒಂದು ಜರ್ಮನ್ ವಿಮಾನ ಉರುಳಿಸಿದ. 18ರ ಹೊತ್ತಿಗೆ ಮೂರಾಗಿತ್ತು.

ಅದೇ 18ರಂದೇ ಎಡವಟ್ಟಾಯ್ತು. ಎಂಜಿನ್ ನಿಂತು, ಬೆಲ್ಜಿಯಂನಲ್ಲಿ ಜರ್ಮನ್ನರ ಹಿಡಿತದಲ್ಲಿದ್ದ ನೆಲಕ್ಕೆ ಇಳೀಬೇಕಾಯ್ತು. ವಿಮಾನಕ್ಕೆ ಬೆಂಕಿ ಹಚ್ಚಿದ, ಪೂರ್ತಿ ಉರೀಲಿಲ್ಲ. ಗನ್, ಪ್ರೊಪೆಲರ್, ಉಕ್ಕಿನ ತುಂಡು ಎಲ್ಲಾ ಶತ್ರುವಿನ ಕೈಗೆ ಸಿಕ್ಕವು.

ಜರ್ಮನ್ನರು ಅದನ್ನು ವಿಮಾನ ತಯಾರಕ ಆಂಟನಿ ಫೋಕರ್‌ಗೆ ತೋರಿಸಿದರು. ಫೋಕರ್ ಎರಡೇ ದಿನದಲ್ಲಿ ಅದಕ್ಕಿಂತ ಒಳ್ಳೇದು ಮಾಡಿಕೊಟ್ಟ ಅನ್ನೋ ಕತೆಯನ್ನು ನಾನಂತೂ ನಂಬಲ್ಲ. ಗನ್ನನ್ನೂ ಪ್ರೊಪೆಲರನ್ನೂ ಹೊಂದಿಸೋ ಪೇಟೆಂಟ್ ಜರ್ಮನಿಯಲ್ಲಿ 1913ರಲ್ಲೇ ಇತ್ತು. ಆದರೆ ಕೈಗೆ ಸಿಕ್ಕ ಈ ವಿಮಾನ ಅವರ ಬೆನ್ನಿಗೆ ಒಂದು ಏಟು ಹಾಕಿದ್ದಂತೂ ನಿಜ. ಬೇಸಿಗೆ ಮುಗಿಯೋ ಹೊತ್ತಿಗೆ ಫೋಕರ್ ವಿಮಾನಗಳು ಫ್ರೆಂಚರನ್ನೂ ಬ್ರಿಟಿಷರನ್ನೂ ಆಕಾಶದಿಂದ ಉದುರಿಸ್ತಾ ಇದ್ದವು. ಗ್ಯಾರೋಸ್ ಜೈಲಲ್ಲಿದ್ದ.

ಒಂದು ಕ್ಯಾಂಪಿನಿಂದ ಇನ್ನೊಂದಕ್ಕೆ, ಹೀಗೇ ಮೂರು ವರ್ಷದ ಹತ್ತಿರ ಕಳೀತು. ಕೊನೆಗೆ 1918ರ ಫೆಬ್ರವರಿಯಲ್ಲಿ, ಆನ್ಸೆಲ್ಮ್ ಮಾರ್ಷಲ್ ಅನ್ನೋ ಇನ್ನೊಬ್ಬ ಪೈಲಟ್ ಜೊತೆ ಜರ್ಮನ್ ಅಧಿಕಾರಿಗಳ ವೇಷ ಹಾಕ್ಕೊಂಡು ಮ್ಯಾಗ್ಡೆಬರ್ಗ್ ಕ್ಯಾಂಪಿನಿಂದ ಹೊರಗೆ ನಡೆದೇಬಿಟ್ಟರು. ಈ ಮಾರ್ಷಲ್ ಕೂಡ ಸಾಮಾನ್ಯ ಆಸಾಮಿ ಅಲ್ಲ, 1916ರಲ್ಲಿ ಬರ್ಲಿನ್ ಮೇಲೆ ಹಾರಿ ಕರಪತ್ರ ಎಸೆದು ಬಂದಿದ್ದವನು. ಇಬ್ಬರೂ ಹಾಲೆಂಡ್, ಲಂಡನ್ ಮೂಲಕ ಫ್ರಾನ್ಸ್ ಸೇರಿಕೊಂಡರು.

ಪ್ರಧಾನಿ ಕ್ಲೆಮನ್ಸೋಗೆ ಆತನನ್ನು ಮತ್ತೆ ಯುದ್ಧಕ್ಕೆ ಕಳಿಸೋ ಮನಸ್ಸಿರಲಿಲ್ಲ. ಸಲಹೆಗಾರನಾಗಿ ಇರು ಅಂದರು. ಗ್ಯಾರೋಸ್ ಒಪ್ಪಲಿಲ್ಲ. ಅಷ್ಟೊತ್ತಿಗೆ ದೂರದ್ದು ಸರಿಯಾಗಿ ಕಾಣ್ತಿರಲಿಲ್ಲ, ಗುಟ್ಟಾಗಿ ಕನ್ನಡಕ ಮಾಡಿಸಿಕೊಂಡಿದ್ದ. ಆಕಾಶವೂ ಬದಲಾಗಿತ್ತು. ಹೊಸ ಸ್ಪ್ಯಾಡ್ ವಿಮಾನದಲ್ಲಿ ಪ್ರೊಪೆಲರ್‌ಗೆ ತಾಳ ಹಾಕೋ ಎರಡೆರಡು ಮೆಷಿನ್ ಗನ್, ಒಂಟಿಯಾಗಿ ಹಾರೋ ಕಾಲ ಹೋಗಿ ಗುಂಪಿನ ಕಾಳಗ ಬಂದಿತ್ತು. ಆ ಇಡೀ ವಿದ್ಯೆ ಶುರು ಮಾಡಿದವರಲ್ಲಿ ಒಬ್ಬನಾದ ಆತನೇ ಮತ್ತೆ ವಿದ್ಯಾರ್ಥಿಯಾಗಿ ಕೂತು ಕಲೀಬೇಕಾಯ್ತು. ಯಾಕೆ ಬೇಕಿತ್ತು ಅಂತ ನೀವು ಕೇಳಬಹುದು. ಗೆಳೆಯರು ಸಾಯ್ತಿದ್ದ ಮೂರು ವರ್ಷ ತಾನು ಬೇಲಿಯೊಳಗೆ ಕೂತಿದ್ದೆ ಅನ್ನೋದು ಆತನನ್ನು ಕೊರೀತಿತ್ತು ಅಂತ ನನಗನ್ನಿಸುತ್ತೆ.

ಅಕ್ಟೋಬರ್ 2ರಂದು ನಾಲ್ಕನೇ ವಿಮಾನ ಬೀಳಿಸಿದ. ಅಕ್ಟೋಬರ್ 5ರಂದು ಉತ್ತರ ಫ್ರಾನ್ಸಿನ ವೂಜಿಯೇ ಊರಿನ ಹತ್ತಿರ ಆತನ ವಿಮಾನವೇ ಬಿತ್ತು. ಮಾರನೇ ದಿನ 30 ತುಂಬುತ್ತಿತ್ತು. ಯುದ್ಧ ಮುಗಿಯೋಕೆ ಐದು ವಾರ ಬಾಕಿ.

ಐದು ವಿಮಾನ ಕೆಡವಿದವನಿಗೆ ಮಾತ್ರ 'ಏಸ್' ಅನ್ನೋ ಬಿರುದು. ಗ್ಯಾರೋಸ್ ಲೆಕ್ಕ ನಾಲ್ಕು. ಹಾಗಾದರೆ ಟೆನಿಸ್ ಅಂಗಳಕ್ಕೆ ಆತನ ಹೆಸರು ಹೇಗೆ ಬಂತು? 1927ರಲ್ಲಿ ಫ್ರಾನ್ಸ್ ಡೇವಿಸ್ ಕಪ್ ಗೆತ್ತು, ಮರುವರ್ಷದ ಪಂದ್ಯಕ್ಕೆ ಪ್ಯಾರಿಸ್‌ನಲ್ಲಿ ದೊಡ್ಡ ಅಂಗಳ ಬೇಕಾಯ್ತು. ಜಾಗ ಬಿಟ್ಟುಕೊಟ್ಟದ್ದು ಸ್ತಾದ್ ಫ್ರಾನ್ಸೆ ಕ್ಲಬ್. ಅದರ ಅಧ್ಯಕ್ಷ ಎಮಿಲ್ ಲೆಸಿಯೆ, ಗ್ಯಾರೋಸ್‌ನ ಕಾಮರ್ಸ್ ಕಾಲೇಜಿನ ಸಹಪಾಠಿ. ಅಂಗಳಕ್ಕೆ ನನ್ನ ಗೆಳೆಯನ ಹೆಸರೇ ಇಡಬೇಕು ಅಂತ ಪಟ್ಟು ಹಿಡಿದು ಕೂತ. ಇಟ್ಟರು.