ಹೀರಾಬಾಯಿ ಟಾಟಾ

ಭಾರತದ ಹೆಣ್ಣುಮಕ್ಕಳಿಗೆ ಮತದಾನದ ಹಕ್ಕು ಬೇಡಲು 1919ರಲ್ಲಿ ಮುಂಬಯಿಯ ಒಬ್ಬ ಪಾರ್ಸಿ ತಾಯಿ ಮಗಳನ್ನು ಕರೆದುಕೊಂಡು ಲಂಡನ್ನಿಗೆ ಹಡಗು ಹತ್ತಿದರು. ಆ ತಾಯಿ ಹೀರಾಬಾಯಿ ಟಾಟಾ, ಮಗಳು ಮಿಠನ್.

ಈ ದೇಶದ ಹೆಂಗಸರಿಗೆ ಮತದ ಹಕ್ಕು ಈಗಲೇ ಬೇಡವೆಂದು, ಭಾರತದಲ್ಲಿ ಯಾರಿಗೆ ಮತ ಕೊಡಬೇಕೆಂದು ಪರಿಶೀಲಿಸಲು ಬ್ರಿಟಿಷರು ನೇಮಿಸಿದ್ದ ಸೌತ್‌ಬರೋ ಸಮಿತಿ ಆಗಲೇ ಷರಾ ಬರೆದಿತ್ತು. ಹೀರಾಬಾಯಿ ಅದಕ್ಕೆ ತಲೆಬಾಗಲಿಲ್ಲ. ಬ್ರಿಟಿಷ್ ಸಂಸತ್ತಿನ ಜಂಟಿ ಸಮಿತಿಯ ಮುಂದೆ ವಾದ ಮಂಡಿಸಿದರು. ಅಲ್ಲಿನ ಊರೂರು ಸುತ್ತಿದರು, ಸಭೆಗಳಲ್ಲಿ ಮಾತನಾಡಿದರು. ಪರದೇಶದಲ್ಲಿ, ಪರಭಾಷೆಯಲ್ಲಿ, ಆಳುವವರ ಎದುರೇ ನಿಂತು ವಾದಿಸುವ ಆ ಎದೆಗಾರಿಕೆ ನನ್ನನ್ನು ಬೆರಗುಗೊಳಿಸುತ್ತದೆ.

ಸಂಸತ್ತು ನೇರವಾಗಿ ಹಕ್ಕು ಕೊಡಲಿಲ್ಲ. ತೀರ್ಮಾನವನ್ನು ಪ್ರಾಂತಗಳ ಶಾಸನಸಭೆಗಳಿಗೆ ಬಿಟ್ಟಿತು. ಆದರೆ ಬಾಗಿಲು ತೆರೆದದ್ದೇ ಅಲ್ಲಿ. 1921ರಲ್ಲಿ ಮದ್ರಾಸು, ಅದೇ ವರ್ಷ ಮುಂಬಯಿ ಪ್ರಾಂತ ಒಪ್ಪಿಗೆ ಕೊಟ್ಟವು. ಆಗ ಧಾರವಾಡ, ಬೆಳಗಾವಿ ಮುಂಬಯಿ ಪ್ರಾಂತದಲ್ಲಿದ್ದವು, ಮಂಗಳೂರು ಮದ್ರಾಸಿನಲ್ಲಿ. ಹೀಗೆ ಆ ಒಪ್ಪಿಗೆ ಕನ್ನಡ ನಾಡಿನ ಈ ಊರುಗಳನ್ನೂ ಮುಟ್ಟಿತು. ಆದರೆ ಮತ ಹಾಕಲು ಇದ್ದ ಆಸ್ತಿಯ ಷರತ್ತು ಬಿಗಿಯಾಗಿತ್ತು, ಹಾಗಾಗಿ ಹಕ್ಕು ದಕ್ಕಿದ್ದು ಕೆಲವೇ ಹೆಂಗಸರಿಗೆ.

ಮಿಠನ್ ಮುಂದೆ ಬ್ಯಾರಿಸ್ಟರ್ ಆಗಿ ಮುಂಬಯಿ ಹೈಕೋರ್ಟಿನಲ್ಲಿ ವಕೀಲಿ ಮಾಡಿದ ಮೊದಲ ಮಹಿಳೆ ಎನಿಸಿದರು. ತಾಯಿಯ ಹೆಸರು ಮಾತ್ರ ನಮ್ಮ ಶಾಲೆಯ ಪಾಠಗಳಲ್ಲಿ ಕಾಣುವುದಿಲ್ಲ. ಅದು ಅಲ್ಲಿ ಇರಬೇಕು.